ಟವರ್‌ಗಳು ಕಂಡ ಅಬಿಜಾನ್

ಮಾನ್ಯರೇ,

ನಾವು ಒಂದು ಕರೆ ಮಾಡಿದೊಡನೆ ಫೋನ್ ಕಂಪನಿಯ ಕಡತದಲ್ಲಿ ಒಂದು ಸಾಲು ಸೇರುತ್ತದೆ: ಯಾವ ಸಂಖ್ಯೆಯಿಂದ ಯಾವ ಸಂಖ್ಯೆಗೆ, ಎಷ್ಟು ಗಂಟೆಗೆ, ಎಷ್ಟು ಹೊತ್ತು, ಯಾವ ಟವರ್ ಮೂಲಕ. ಬಿಲ್ಲಿನ ಲೆಕ್ಕಕ್ಕೆಂದು ಬರೆದಿಡುವ ಆ ಸಾಲಿನಲ್ಲಿ ನಮ್ಮ ಮಾತಿನ ಒಂದಕ್ಷರವೂ ಇರುವುದಿಲ್ಲ. ಆದರೂ ಬೆಳಿಗ್ಗೆ ಏಳಕ್ಕೆ ಒಂದು ಟವರ್, ಹತ್ತಕ್ಕೆ ಇನ್ನೊಂದು, ರಾತ್ರಿ ಒಂಬತ್ತಕ್ಕೆ ಮತ್ತೆ ಮೊದಲಿನದೇ ಎಂದು ಹದಿನೈದು ದಿನ ಕಂಡರೆ, ಮನೆ ಎಲ್ಲಿ, ಕೆಲಸ ಎಲ್ಲಿ ಎಂದು ಊಹಿಸುವುದು ಕಷ್ಟವಲ್ಲ. 2008ರಲ್ಲಿ ಗೊನ್ಸಾಲೆಸ್, ಹಿಡಾಲ್ಗೊ ಮತ್ತು ಬರಾಬಾಶಿ ಎಂಬ ಸಂಶೋಧಕರು ಒಂದು ಲಕ್ಷ ಬಳಕೆದಾರರ ಆರು ತಿಂಗಳ ದಾಖಲೆಗಳನ್ನು ಪರಿಶೀಲಿಸಿ ಕಂಡುಕೊಂಡದ್ದೂ ಇದನ್ನೇ: ಮನುಷ್ಯರ ಓಡಾಟ ಗೊತ್ತುಗುರಿಯಿಲ್ಲದ ಅಲೆದಾಟವಲ್ಲ, ಕೆಲವೇ ಜಾಗಗಳಿಗೆ ನಾವು ಮತ್ತೆ ಮತ್ತೆ ಮರಳುತ್ತೇವೆ.

ಹೀಗೆ ಮರಳುವುದರಿಂದ ನಗರಯೋಜನೆಗೆ ಏನು ಸಿಕ್ಕೀತು ಎಂಬುದಕ್ಕೆ ಐವರಿ ಕೋಸ್ಟಿನ ಅಬಿಜಾನ್ ಒಳ್ಳೆಯ ಉದಾಹರಣೆ. ಎಬ್ರಿಯೆ ಹಿನ್ನೀರಿನ ಸುತ್ತ ಹಬ್ಬಿದ ಆ ನಗರದಲ್ಲಿ ಪಶ್ಚಿಮದ ಯೊಪುಗೊನ್, ಉತ್ತರದ ಅಬೊಬೊದಂಥ ಬಡಾವಣೆಗಳಿಂದ ಕಚೇರಿಗಳಿರುವ ಪ್ಲಾಟೋ ಕಡೆಗೆ ಜನ ಬಸ್ಸಿನಲ್ಲೂ, 'ಗ್ಬಾಕಾ' ಎಂಬ ಮಿನಿಬಸ್ಸಿನಲ್ಲೂ, 'ವೊರೊ-ವೊರೊ' ಎಂಬ ಶೇರ್ ಟ್ಯಾಕ್ಸಿಯಲ್ಲೂ ಬರುತ್ತಾರೆ. 2012ರಲ್ಲಿ ಆರೆಂಜ್ ಎಂಬ ಫೋನ್ ಕಂಪನಿಯು ಆ ದೇಶದ 50 ಲಕ್ಷ ಗ್ರಾಹಕರ ಸುಮಾರು 250 ಕೋಟಿ ಕರೆ, ಸಂದೇಶಗಳ ದಾಖಲೆಯಿಂದ ಆಯ್ದ ದತ್ತಾಂಶವನ್ನು ಹೆಸರು ಅಳಿಸಿ ಸಂಶೋಧಕರಿಗೆ ಕೊಟ್ಟಿತು. ಡಬ್ಲಿನ್‌ನ ಐಬಿಎಂ ಸಂಶೋಧಕರು ಅದನ್ನು ಬಸ್ ಮಾರ್ಗಗಳೊಂದಿಗೆ ತಾಳೆ ನೋಡಿ, ಕೆಲವೇ ಮಾರ್ಗಗಳ ಬದಲಾವಣೆಯಿಂದ ಪ್ರಯಾಣದ ಸಮಯ ಶೇ. 10ರಷ್ಟು ತಗ್ಗಬಹುದೆಂದು ಲೆಕ್ಕ ಹಾಕಿದರು. ಇದು ಗಣಿತ ಮಾದರಿಯ ಲೆಕ್ಕವೇ ಹೊರತು ಬಸ್‌ನಿಲ್ದಾಣದಲ್ಲಿ ನಿಂತು ಅಳೆದದ್ದಲ್ಲ. ಕರೆ ಮಾಡದೆ ಹೋದ ದಾರಿ ಈ ದಾಖಲೆಯಲ್ಲಿ ಮೂಡುವುದಿಲ್ಲ. ಮನೆಯಲ್ಲೇ ಕುಳಿತವರ ಕರೆ, ಹತ್ತಿರದ ಟವರ್‌ನಲ್ಲಿ ದಟ್ಟಣೆಯಿದ್ದು ಪಕ್ಕದ ಟವರ್‌ಗೆ ಹೊರಳಿದರೆ, ಅವರು ನಡೆದುಹೋದಂತೆ ತೋರುತ್ತದೆ. ಫೋನಿಲ್ಲದವರಂತೂ ಲೆಕ್ಕಕ್ಕೇ ಸಿಗುವುದಿಲ್ಲ.

ನನ್ನನ್ನು ಹೆಚ್ಚು ಕಾಡುವುದು ಬೇರೆಯ ಸಂಗತಿ. 2013ರಲ್ಲಿ ದ ಮೊಂಜೊಯ್ ಎಂಬ ಸಂಶೋಧಕ ಮತ್ತು ಸಂಗಡಿಗರು 15 ಲಕ್ಷ ಜನರ 15 ತಿಂಗಳ ದಾಖಲೆ ನೋಡಿ, ಒಬ್ಬ ವ್ಯಕ್ತಿ ಇಂಥ ಗಂಟೆಗೆ ಇಂಥ ಟವರ್ ಬಳಿ ಇದ್ದರೆಂಬ ನಾಲ್ಕು ಬಿಂದುಗಳು ತಿಳಿದರೆ ಶೇ. 95ರಷ್ಟು ಮಂದಿಯ ಜಾಡನ್ನು ಉಳಿದೆಲ್ಲರ ಜಾಡಿನಿಂದ ಬೇರ್ಪಡಿಸಬಹುದೆಂದು ತೋರಿಸಿದರು. ಬಸ್ ಮಾರ್ಗ ಗುರುತಿಸಲು ನೆರವಾಗುವ ಆ ದಿನನಿತ್ಯದ ಕ್ರಮವೇ ನಮ್ಮನ್ನೂ ಗುರುತಿಸಿಕೊಡುತ್ತದೆ. ಆರೆಂಜ್ ದತ್ತಾಂಶದಲ್ಲಿ ಇದಕ್ಕೊಂದು ಎಚ್ಚರಿಕೆಯಿತ್ತು: 50,000 ಜನರ ಜಾಡು ಟವರ್ ಮಟ್ಟದಲ್ಲಿದ್ದರೂ ಎರಡೇ ವಾರಗಳಿಗೆ ಸೀಮಿತ, 5 ಲಕ್ಷ ಜನರ ಜಾಡು ಪೂರ್ತಿ ಅವಧಿಯದಾದರೂ ಸ್ಥಳ ಮಾತ್ರ ತಾಲ್ಲೂಕಿನಂಥ ದೊಡ್ಡ ಪ್ರದೇಶದ ಹೆಸರಿನಲ್ಲಿತ್ತು. ನನ್ನ ಮಟ್ಟಿಗೆ ಅದೂ ಸಾಲದು. ಬೆಳಿಗ್ಗೆ ಏಳರಿಂದ ಎಂಟರೊಳಗೆ ಯೊಪುಗೊನ್‌ನಿಂದ ಪ್ಲಾಟೋಗೆ ಎಷ್ಟು ಮಂದಿ ಹೋದರು ಎಂಬ ಮೊತ್ತವನ್ನು ಕಂಪನಿಯೊಳಗೇ ಕೂಡಿಸಿ ಹೊರಗೆ ಕೊಡಲು ಸಾಧ್ಯವಿದೆ. ಬಸ್ಸಿನ ವೇಳಾಪಟ್ಟಿ ಬರೆಯುವವರಿಗೆ ಬೇಕಿರುವುದೂ ಅಷ್ಟೇ.