ಸನ್ನದು ಸಿಕ್ಕ ಮೇಲಿನ ಓದು

ಕೇಳುಗರೆಲ್ಲರಿಗೂ ನಮಸ್ಕಾರ.

ಹೋದ ವರ್ಷ ಮಳೆಗಾಲದ ಒಂದು ಸಂಜೆ. ದಾವಣಗೆರೆಯ ನನ್ನ ಆಫೀಸಿಗೆ ಜಗಳೂರು ಕಡೆಯ ಹಳ್ಳಿಯಿಂದ ಒಬ್ಬ ಹೆಣ್ಣುಮಗಳು ಬಂದರು. ಜೊತೆಗೆ ಹತ್ತನೇ ತರಗತಿ ಓದುವ ಮಗ. ಕೈಯಲ್ಲಿ ಬಟ್ಟೆ ಅಂಗಡಿಯ ಪ್ಲಾಸ್ಟಿಕ್ ಕವರ್. ಅದರೊಳಗೆ ಎಫ್‌ಐಆರ್ ಪ್ರತಿ, ಪಂಚನಾಮೆ, ಪೋಸ್ಟ್ ಮಾರ್ಟಂ ವರದಿ, ಗಂಡನ ಆಧಾರ್ ಕಾರ್ಡು. ಎಲ್ಲವನ್ನೂ ಜೋಪಾನವಾಗಿ ಮಡಚಿ ಇಟ್ಟಿದ್ದರು. 48ನೇ ಹೆದ್ದಾರಿಯಲ್ಲಿ, ಹಿರಿಯೂರು ಹತ್ತಿರ, ಲಾರಿ ಬಡಿದು ಅವರ ಯಜಮಾನರು ತೀರಿಕೊಂಡಿದ್ದರು. ನಾನು ಮೊದಲು ನೋಡಿದ್ದು ಎಫ್‌ಐಆರ್ ತಾರೀಖು. ಅಪಘಾತವಾಗಿ ಒಂಬತ್ತು ತಿಂಗಳು ದಾಟಿತ್ತು.

"ಇಷ್ಟು ದಿನ ಯಾಕಮ್ಮ ಬಿಟ್ರಿ?" ಎಂದು ಕೇಳಿದೆ.

"ಮೊದ್ಲು ಒಬ್ರು ಲಾಯರ್ ಹತ್ರ ಹೋಗಿದ್ವಿ ಸಾರ್. ಅವಸರ ಏನಿಲ್ಲವ್ವ, ಇದಕ್ಕೆ ಇಂತಿಷ್ಟು ಟೈಮ್ ಅಂತಿಲ್ಲ, ಕಾರ್ಯ ಎಲ್ಲಾ ಮುಗಿಸ್ಕೊಂಡು ನಿಧಾನಕ್ಕೆ ಬರ್ರಿ ಅಂದ್ರು" ಎಂದರು.

ಆ ವಕೀಲರು ಯಾರೆಂದು ನನಗೆ ಗೊತ್ತು. ಒಳ್ಳೆಯ ಮನುಷ್ಯ. ಬಡವರ ಹತ್ತಿರ ಫೀಸಿಗೆ ಕಾಡಿದವರಲ್ಲ. ಅವರು ಆ ತಾಯಿಗೆ ಸುಳ್ಳು ಹೇಳಿರಲಿಲ್ಲ. ಅವರು ಕಸುಬು ಕಲಿತ ಕಾಲಕ್ಕೆ ಅದು ನಿಜವೇ ಆಗಿತ್ತು. 1988ರ ಮೋಟಾರು ವಾಹನ ಕಾಯ್ದೆ ಬಂದಾಗ ಪರಿಹಾರದ ಅರ್ಜಿ ಹಾಕಲು ಆರು ತಿಂಗಳ ಗಡುವು ಇತ್ತು. 1994ರಲ್ಲಿ ಆ ಗಡುವನ್ನು ತೆಗೆದುಹಾಕಿದರು. ಅಲ್ಲಿಂದ ಮುಂದೆ 27 ವರ್ಷ, ಅಪಘಾತದ ಕೇಸಿಗೆ ಗಡುವೇ ಇಲ್ಲ ಎಂದು ನಾವೆಲ್ಲ ಹೇಳುತ್ತಾ ಬಂದೆವು. 2019ರ ತಿದ್ದುಪಡಿ ಅದೇ ಆರು ತಿಂಗಳನ್ನು ಮತ್ತೆ ತಂದಿತು. 2022ರ ಏಪ್ರಿಲ್ 1ರಿಂದ ಅದು ಜಾರಿಯಲ್ಲಿದೆ. ಒಂದು ಸಾಲಿನ ಬದಲಾವಣೆ. ಅದನ್ನು ನೋಡದೆ ಹೋದ ವಕೀಲರ ಬಾಯಿಂದ ಬಂದ "ನಿಧಾನಕ್ಕೆ ಬರ್ರಿ" ಎಂಬ ಮಾತಿಗೆ ಆ ಮನೆಯ ಒಂಬತ್ತು ತಿಂಗಳು ಹೋಯಿತು.

ದಾರಿ ಪೂರ್ತಿ ಮುಚ್ಚಿರಲಿಲ್ಲ. ಪೊಲೀಸರು ಅಪಘಾತ ಪರಿಹಾರ ತೀರ್ಮಾನಿಸುವ ಟ್ರಿಬ್ಯೂನಲ್‌ಗೆ ಕಳಿಸುವ ಅಪಘಾತದ ವರದಿಯನ್ನೇ ಪರಿಹಾರದ ಅರ್ಜಿ ಎಂದು ತೆಗೆದುಕೊಳ್ಳಬೇಕು ಎಂದು ಆ ಗಡುವು ಇರುವ 166ನೇ ಸೆಕ್ಷನ್‌ನದೇ ನಾಲ್ಕನೇ ಉಪವಿಭಾಗ ಹೇಳುತ್ತದೆ. ಈ ಗಡುವನ್ನೇ ಪ್ರಶ್ನಿಸಿ ಸುಪ್ರೀಂ ಕೋರ್ಟಿಗೆ ಅರ್ಜಿಗಳೂ ಹೋಗಿವೆ. ಆ ಹೆಣ್ಣುಮಗಳ ಕೇಸು ಈಗ ನಡೆಯುತ್ತಿದೆ. ಹಾಗಾಗಿ ಅದರ ಬಗ್ಗೆ ಇನ್ನು ಜಾಸ್ತಿ ಹೇಳುವುದಿಲ್ಲ. ಆದರೆ ಅವತ್ತು ರಾತ್ರಿ ನನಗೆ ನಿದ್ದೆ ಬರಲಿಲ್ಲ. ಹಾಗೆ ನಾನು ಎಷ್ಟು ಜನರಿಗೆ ಹಳೆಯ ಮಾತು ಹೇಳಿ ಕಳಿಸಿರಬಹುದು ಎಂಬ ಯೋಚನೆ. ಇವತ್ತು ನಿಮ್ಮ ಮುಂದೆ ಮಾತಾಡಲು ಕೂತಿದ್ದು ಆ ಯೋಚನೆಯಿಂದಲೇ. ವಕೀಲರು ಸನ್ನದು, ಅಂದರೆ ವಕೀಲಿ ಮಾಡಲು ಪರವಾನಗಿ, ಪಡೆದ ಮೇಲೂ ಓದಬೇಕು, ಅದನ್ನು ಕಡ್ಡಾಯ ಮಾಡಬೇಕು ಎಂಬುದು ನನ್ನ ಮಾತು.

ನಮ್ಮ ದೇಶದಲ್ಲಿ ವಕೀಲರಾಗುವುದು ಹೇಗೆ? ಪಿಯುಸಿ ಮುಗಿಸಿ ಐದು ವರ್ಷ, ಇಲ್ಲವೇ ಡಿಗ್ರಿ ಮುಗಿಸಿ ಮೂರು ವರ್ಷ ಕಾನೂನು ಓದಬೇಕು. ಆಮೇಲೆ 1961ರ ವಕೀಲರ ಕಾಯ್ದೆಯ ಪ್ರಕಾರ ರಾಜ್ಯ ವಕೀಲರ ಪರಿಷತ್ತಿನಲ್ಲಿ ಹೆಸರು ನೋಂದಾಯಿಸಬೇಕು. 2010ರಲ್ಲಿ ಭಾರತೀಯ ವಕೀಲರ ಪರಿಷತ್ತು ಅಖಿಲ ಭಾರತ ಬಾರ್ ಪರೀಕ್ಷೆ ತಂದಿತು. ಮೊದಲ ಪರೀಕ್ಷೆ ನಡೆದದ್ದು 2011ರ ಮಾರ್ಚ್‌ನಲ್ಲಿ. ಇಂಥ ಪರೀಕ್ಷೆ ನಡೆಸುವ ಅಧಿಕಾರ ಪರಿಷತ್ತಿಗೆ ಇದೆ ಎಂದು 2023ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠವೂ ಹೇಳಿತು. ಆದರೆ ಅದು ಒಂದೇ ಸಲದ ಪರೀಕ್ಷೆ. ಪಾಸಾದ ಮೇಲೆ ನಲವತ್ತು ವರ್ಷ ಪ್ರಾಕ್ಟೀಸ್ ಮಾಡಿದರೂ, ಹೊಸ ಕಾನೂನು ಓದಿದಿರಾ ಎಂದು ಕೇಳುವವರಿಲ್ಲ. ನಾನು 1998ರ ಶುರುವಿನಲ್ಲಿ ಸನ್ನದು ಪಡೆದವನು. ಆಗ ದಾವಣಗೆರೆ ಜಿಲ್ಲೆಯಾಗಿ ಒಂದು ವರ್ಷವೂ ತುಂಬಿರಲಿಲ್ಲ. ನನಗೆ ಆ ಒಂದು ಪರೀಕ್ಷೆಯೂ ಇರಲಿಲ್ಲ.

ನಮ್ಮ ಊರಿನ ಚಾರ್ಟರ್ಡ್ ಅಕೌಂಟೆಂಟರನ್ನು ನೋಡಿ. ಪ್ರಾಕ್ಟೀಸ್‌ನಲ್ಲಿರುವ ಅರವತ್ತರೊಳಗಿನವರು ಮೂರು ವರ್ಷಕ್ಕೆ 120 ಗಂಟೆ ಕಲಿಕೆಯ ಲೆಕ್ಕವನ್ನು ತಮ್ಮ ಸಂಸ್ಥೆಗೆ ಕೊಡಬೇಕು. ನ್ಯಾಯಾಧೀಶರಿಗೆ ಬೆಂಗಳೂರಿನಲ್ಲಿ ಕರ್ನಾಟಕ ನ್ಯಾಯಾಂಗ ಅಕಾಡೆಮಿ ಇದೆ, ಭೋಪಾಲದಲ್ಲಿ ರಾಷ್ಟ್ರೀಯ ಅಕಾಡೆಮಿ ಇದೆ. ಹೊಸ ಕಾನೂನು ಬಂದರೆ ಅವರನ್ನು ಕರೆಸಿ ತರಬೇತಿ ಕೊಡುತ್ತಾರೆ. ಅದೇ ಕೋರ್ಟ್ ಹಾಲಿನಲ್ಲಿ ಅವರ ಎದುರು ನಿಂತು ವಾದ ಮಾಡುವ ನಮಗೆ ಅಂಥದ್ದೊಂದು ಕಟ್ಟುಪಾಡು ಇಲ್ಲ. ಇದು ಸರಿಯಲ್ಲ, ಅಲ್ವಾ?

ನಾನು ಜೂನಿಯರ್ ಆಗಿದ್ದಾಗ ನಮ್ಮ ಸೀನಿಯರ್ ಆಫೀಸಿನಲ್ಲಿ ಒಂದು ರೂಢಿ ಇತ್ತು. ಸಂಜೆ ಆರಕ್ಕೆ ಕಕ್ಷಿದಾರರು ಬರುವ ಮೊದಲು, ಅರ್ಧ ಗಂಟೆ ತೀರ್ಪುಗಳು ಬರುವ ಕರ್ನಾಟಕ ಲಾ ಜರ್ನಲ್ ಓದುವುದು. ಒಬ್ಬರು ಗಟ್ಟಿಯಾಗಿ ಓದಬೇಕು, ಉಳಿದವರು ಕೇಳಬೇಕು. ಕಾಯ್ದೆಗೆ ತಿದ್ದುಪಡಿ ಬಂದರೆ ಸೀನಿಯರ್ ಅದನ್ನು ಸಣ್ಣ ಚೀಟಿಯಲ್ಲಿ ಬರೆಸಿ, ಬೇರ್ ಆಕ್ಟ್, ಅಂದರೆ ಕಾಯ್ದೆಯ ಮೂಲಪಾಠದ ಪುಸ್ತಕದಲ್ಲಿ ಹಳೆಯ ಸಾಲಿನ ಮೇಲೆ ಗೋಂದು ಹಚ್ಚಿ ಅಂಟಿಸುತ್ತಿದ್ದರು. ಪುಟ ದಪ್ಪಗಾಗಿ ಪುಸ್ತಕ ಮುಚ್ಚಲು ಬರುತ್ತಿರಲಿಲ್ಲ, ದಾರ ಕಟ್ಟಿ ಇಡುತ್ತಿದ್ದರು. ಆ ಚೀಟಿ ಎತ್ತಿ ನೋಡಿದರೆ ಕೆಳಗೆ ಹಳೆಯ ಕಾನೂನು, ಮೇಲೆ ಹೊಸದು. ನನಗೆ ಕಾನೂನು ಬದಲಾಗುತ್ತದೆ ಎಂಬುದು ಕಣ್ಣಿಗೆ ಕಂಡಿದ್ದು ಆ ಚೀಟಿಗಳಲ್ಲೇ. ಈಗ ಅಂಥ ಆಫೀಸುಗಳು ಕಡಿಮೆಯಾಗಿವೆ. ಓದಿದ ಹುಡುಗರು ಒಂದೆರಡು ವರ್ಷಕ್ಕೇ ಸ್ವಂತ ಆಫೀಸು ಹಾಕುತ್ತಾರೆ. ತಪ್ಪಲ್ಲ, ಮನೆ ನಡೆಯಬೇಕಲ್ಲ. ಆದರೆ ಆ ಅರ್ಧ ಗಂಟೆಯನ್ನು ಅವರಿಗೆ ಯಾರು ಕೊಡುತ್ತಾರೆ?

2024ರ ಜುಲೈ 1ರಂದು ಬಂದ ಬದಲಾವಣೆಗೆ ಚೀಟಿ ಅಂಟಿಸಿದರೆ ಸಾಲುತ್ತಿರಲಿಲ್ಲ. 1860ರ ದಂಡ ಸಂಹಿತೆ ಹೋಗಿ ಭಾರತೀಯ ನ್ಯಾಯ ಸಂಹಿತೆ ಬಂತು. ದಂಡ ಪ್ರಕ್ರಿಯಾ ಸಂಹಿತೆ ಹೋಗಿ ನಾಗರಿಕ ಸುರಕ್ಷಾ ಸಂಹಿತೆ, 1872ರ ಸಾಕ್ಷ್ಯ ಕಾಯ್ದೆ ಹೋಗಿ ಸಾಕ್ಷ್ಯ ಅಧಿನಿಯಮ. ಕೊಲೆಗೆ 302 ಎನ್ನುವುದು ನಮ್ಮ ಹಳ್ಳಿಯ ಅಜ್ಜಂದಿರಿಗೂ ಗೊತ್ತಿತ್ತು. ಅದು ಈಗ 103. ನಿರೀಕ್ಷಣಾ ಜಾಮೀನಿನ 438 ಈಗ 482. ಇಲ್ಲೊಂದು ತೊಡಕು ನೋಡಿ. 482 ಎಂಬ ಅಂಕಿ ಹಳೆಯ ಪ್ರಕ್ರಿಯಾ ಸಂಹಿತೆಯಲ್ಲಿ ಹೈಕೋರ್ಟಿನ ವಿಶೇಷ ಅಧಿಕಾರದ್ದು. ಅದು ಈಗ 528ಕ್ಕೆ ಹೋಗಿದೆ. ನಿಷೇಧಾಜ್ಞೆಯ 144 ಈಗ 163. ಹೊಸದರಲ್ಲಿ 144 ಎಂದರೆ ಹೆಂಡತಿ ಮಕ್ಕಳ ಜೀವನಾಂಶ. ಹಳೆಯದನ್ನು ಮರೆಯುವ ಹಾಗೂ ಇಲ್ಲ. ಜುಲೈ 1ಕ್ಕಿಂತ ಮೊದಲು ನಡೆದ ಅಪರಾಧಕ್ಕೆ ಇವತ್ತಿಗೂ ಹಳೆಯ ದಂಡ ಸಂಹಿತೆಯೇ. ಎರಡೂ ತಲೆಯಲ್ಲಿರಬೇಕು.

ಅಂಕಿ ಬದಲಾಗಿದ್ದು ದೊಡ್ಡ ಕಷ್ಟವಲ್ಲ, ಒಂದು ಪಟ್ಟಿ ಮಾಡಿ ಗೋಡೆಗೆ ಅಂಟಿಸಿದರೆ ಮುಗಿಯಿತು. ಕಷ್ಟ ಇರುವುದು ಒಳಗಿನ ವಿಷಯದಲ್ಲಿ. ಒಂದು ಸಲ ಹೊಡೆದಾಟದ ಕೇಸೊಂದರಲ್ಲಿ ಅಂಗಡಿಯವರೊಬ್ಬರು ಸಿಸಿಟಿವಿ ವಿಡಿಯೊವನ್ನು ಮೊಬೈಲಿನಲ್ಲಿ ತಂದರು. ವಾಟ್ಸ್ಆ್ಯಪ್‌ನಲ್ಲಿ ಮೂರು ಜನರ ಕೈ ದಾಟಿ ಬಂದ ವಿಡಿಯೊ. ನಾನು ಇಂಥ ಎಲೆಕ್ಟ್ರಾನಿಕ್ ಸಾಕ್ಷ್ಯದ ಜೊತೆ ಕೊಡುವ ಹಳೆಯ 65ಬಿ ಪ್ರಮಾಣಪತ್ರದ ನಮೂನೆ ತೆಗೆದು ಟೈಪ್ ಮಾಡಿಸಲು ಕೊಟ್ಟೆ. ನನ್ನ ಜೂನಿಯರ್ ಹುಡುಗಿ ಅದನ್ನು ಹಾಗೇ ಹಿಡಿದು ನಿಂತಳು. "ಸರ್, ಈಗ 63ನೇ ಸೆಕ್ಷನ್ ಅಲ್ವಾ? ಹ್ಯಾಶ್ ವ್ಯಾಲ್ಯೂ ಬರೀಬೇಕು. ಬಿ ಭಾಗಕ್ಕೆ ಎಕ್ಸ್‌ಪರ್ಟ್ ಸಹಿ ಬೇಕು" ಎಂದಳು. ಅವಳು ಹೇಳಿದ್ದು ಸರಿ. ಹೊಸ ಅಧಿನಿಯಮದ ನಮೂನೆಯಲ್ಲಿ ಎರಡು ಭಾಗ ಇವೆ. ಎ ಭಾಗವನ್ನು ವಿಡಿಯೊ ಹಾಜರುಪಡಿಸುವವರು ತುಂಬಬೇಕು, ಬಿ ಭಾಗವನ್ನು ತಜ್ಞರು. ಹ್ಯಾಶ್ ವ್ಯಾಲ್ಯೂ ಎಂದರೆ ಆ ಫೈಲಿನ ಹೆಬ್ಬೆಟ್ಟಿನ ಗುರುತು ಇದ್ದ ಹಾಗೆ. ಫೈಲಿನಲ್ಲಿ ಒಂದು ಚೂರು ಬದಲಾದರೂ ಬೇರೆ ಅಂಕಿ ಬರುತ್ತದೆ. ಆ ವಿಡಿಯೊ ಅಂಗಡಿಯ ಯಂತ್ರದಿಂದಲೇ ನೇರವಾಗಿ ಬರಬೇಕು ಎಂದು ಅವತ್ತೇ ಅಂಗಡಿಯವರನ್ನು ವಾಪಸು ಕಳಿಸಿದೆವು. ತಡ ಮಾಡಿದ್ದರೆ ಅದರ ಮೇಲೆ ಹೊಸ ರೆಕಾರ್ಡಿಂಗ್ ಕೂತು ಹಳೆಯದು ಅಳಿಸಿಹೋಗುತ್ತಿತ್ತು. ಇಪ್ಪತ್ತಾರು ವರ್ಷದ ಅನುಭವ ಅಲ್ಲಿ ಕೆಲಸಕ್ಕೆ ಬರಲಿಲ್ಲ. ಅವಳು ಹಿಂದಿನ ವಾರ ಓದಿದ್ದು ಬಂತು.

ಇನ್ನೊಂದು, ನಮ್ಮ ದಾವಣಗೆರೆ, ಚಿತ್ರದುರ್ಗ ಎರಡೂ ಜಿಲ್ಲೆಗಳಲ್ಲಿ ಜಾಸ್ತಿ ನಡೆಯುವ ಪಾಲಿನ ದಾವಾ. ಚನ್ನಗಿರಿಯ ಅಡಿಕೆ ತೋಟ ಇರಲಿ, ಚಳ್ಳಕೆರೆಯ ಶೇಂಗಾ ಹೊಲ ಇರಲಿ, ಮದುವೆಯಾಗಿ ಹೋದ ಮಗಳಿಗೆ ಪಾಲು ಉಂಟಾ ಎಂಬ ಪ್ರಶ್ನೆ ಬಂದೇ ಬರುತ್ತದೆ. ಇದಕ್ಕೆ ನಾನು ನನ್ನ ವೃತ್ತಿಯಲ್ಲಿ ಎಷ್ಟು ಥರದ ಉತ್ತರ ಕೊಟ್ಟಿದ್ದೇನೆ ಗೊತ್ತಾ? 1994ರಲ್ಲಿ ಕರ್ನಾಟಕ ಹಿಂದೂ ಉತ್ತರಾಧಿಕಾರ ಕಾಯ್ದೆಗೆ ತನ್ನದೇ ತಿದ್ದುಪಡಿ ತಂದು ಹೆಣ್ಣುಮಕ್ಕಳಿಗೆ ಪಾಲು ಕೊಟ್ಟಿತು, ಆದರೆ ಅದಕ್ಕೂ ಮೊದಲು ಮದುವೆಯಾದವರನ್ನು ಹೊರಗಿಟ್ಟಿತು. 2005ರ ಸೆಪ್ಟೆಂಬರ್ 9ರಿಂದ ಕೇಂದ್ರದ ತಿದ್ದುಪಡಿ ಬಂತು, ಮದುವೆಯಾದವರಿಗೂ ಸಮಪಾಲು. 2015ರಲ್ಲಿ ಸುಪ್ರೀಂ ಕೋರ್ಟ್, ಆ ತಾರೀಖಿನಂದು ತಂದೆ ಬದುಕಿದ್ದರೆ ಮಾತ್ರ ಎಂದಿತು. 2018ರಲ್ಲಿ ಬಂದ ಇನ್ನೊಂದು ತೀರ್ಪು ಬೇರೆ ಥರ ಕಂಡಿತು. ಆ ಎರಡು ಕೇಸುಗಳೂ ಹೋಗಿದ್ದು ನಮ್ಮ ಕರ್ನಾಟಕದಿಂದಲೇ. ಕೊನೆಗೆ 2020ರ ಆಗಸ್ಟ್ 11ರಂದು ಮೂವರು ನ್ಯಾಯಮೂರ್ತಿಗಳ ಪೀಠ, ಹಕ್ಕು ಹುಟ್ಟಿನಿಂದಲೇ ಬರುತ್ತದೆ, ತಂದೆ ಬದುಕಿರಬೇಕಿಲ್ಲ ಎಂದು ತೀರ್ಮಾನಿಸಿತು. 2016ರಲ್ಲಿ ಒಬ್ಬ ಅಕ್ಕನಿಗೆ "ಇಲ್ಲಮ್ಮ, ನಿಮಗೆ ಬರಲ್ಲ" ಎಂದು ಹೇಳಿ ಕಳಿಸಿದ್ದು ನೆನಪಿದೆ. ಅವತ್ತಿನ ಮಟ್ಟಿಗೆ ನಾನು ಹೇಳಿದ್ದು ಸರಿ. 2020ರ ತೀರ್ಪು ಬಂದಾಗ ಹಳೆಯ ಡೈರಿ ಹುಡುಕಿ ಅವರಿಗೆ ಫೋನ್ ಮಾಡಿದೆ. ಅಷ್ಟರಲ್ಲಿ ಅವರು ತಮ್ಮಂದಿರಿಗೆ ಹಕ್ಕು ಬಿಡುಗಡೆ ಪತ್ರ ನೋಂದಣಿ ಮಾಡಿಸಿ ಕೊಟ್ಟುಬಿಟ್ಟಿದ್ದರು. ಆಮೇಲೆ ನಾನು ಏನು ಹೇಳಿದರೂ ಪ್ರಯೋಜನವಿರಲಿಲ್ಲ.

ಕಡ್ಡಾಯ ಮಾಡಿದರೆ ಏನಾಗುತ್ತದೆ ಎಂದು ಕೇಳುವವರಿದ್ದಾರೆ. ಸಹಿ ಹಾಕಿ, ಊಟ ಮಾಡಿ, ಸರ್ಟಿಫಿಕೇಟ್ ತಗೊಂಡು ಬರ್ತಾರೆ ಅಷ್ಟೇ ಎನ್ನುತ್ತಾರೆ. ಆ ಮಾತಿನಲ್ಲಿ ಹುರುಳಿದೆ. ಇಂಗ್ಲೆಂಡಿನಲ್ಲಿ ಸಾಲಿಸಿಟರ್ ಎಂಬ ವಕೀಲರಿಗೆ ವರ್ಷಕ್ಕೆ 16 ಗಂಟೆ ಕಲಿಕೆ ಎಂಬ ನಿಯಮ ಇತ್ತು. 2016ರ ನವೆಂಬರ್‌ನಲ್ಲಿ ಗಂಟೆ ಎಣಿಸುವುದನ್ನು ಕೈಬಿಟ್ಟರು. ತನಗೆ ಏನು ಗೊತ್ತಿಲ್ಲ ಎಂದು ತಾನೇ ನೋಡಿಕೊಂಡು, ಅದನ್ನು ಕಲಿತೆ ಎಂದು ಬರೆದಿಡಬೇಕು ಎಂಬ ಪದ್ಧತಿ ತಂದರು. ನ್ಯೂಯಾರ್ಕಿನಲ್ಲಿ ಈಗಲೂ ಎರಡು ವರ್ಷಕ್ಕೆ 24 ಗಂಟೆ ಲೆಕ್ಕ ಇದೆ. ನನಗೆ ಇಂಗ್ಲೆಂಡಿನ ದಾರಿ ಹಿಡಿಸುತ್ತದೆ. ಆದರೆ ಅದು ಆಮೇಲಿನದು. ಏನೂ ಇಲ್ಲದ ಕಡೆ ಮೊದಲು ವರ್ಷಕ್ಕೆ ಹತ್ತು ಗಂಟೆಯಾದರೂ ಬರಲಿ. ಸೆಮಿನಾರು, ಉಪನ್ಯಾಸ ನಡೆಸುವುದು ರಾಜ್ಯ ಪರಿಷತ್ತಿನ ಕೆಲಸಗಳಲ್ಲಿ ಒಂದು ಎಂದು ವಕೀಲರ ಕಾಯ್ದೆಯ ಆರನೇ ಸೆಕ್ಷನ್‌ನಲ್ಲೇ ಇದೆ. ಪಕ್ಕದ ಕೇರಳದ ಪರಿಷತ್ತು ಕೊಚ್ಚಿಯಲ್ಲಿ ಇದಕ್ಕೆಂದೇ ಒಂದು ಅಕಾಡೆಮಿ ಕಟ್ಟಿದೆ.

ಎಲ್ಲವನ್ನೂ ಬೆಂಗಳೂರಿನ ಹೋಟೆಲ್ ಹಾಲಿನಲ್ಲಿ, ಇಂಗ್ಲಿಷ್‌ನಲ್ಲಿ ಮಾಡಿದರೆ ಮೊಳಕಾಲ್ಮೂರಿನ ವಕೀಲರಿಗೆ ಏನೂ ಸಿಗುವುದಿಲ್ಲ. ಅವತ್ತಿನ ವಾಯಿದೆ ಬಿಟ್ಟು, ಬಸ್ ಚಾರ್ಜು ಕೊಟ್ಟು ಅವರು ಯಾಕೆ ಹೋಗಬೇಕು? ತಾಲ್ಲೂಕಿನ ವಕೀಲರ ಸಂಘದಲ್ಲೇ, ಕನ್ನಡದಲ್ಲೇ, ಅಲ್ಲಿನ ಕೋರ್ಟಿನಲ್ಲಿ ನಡೆಯುವ ಕೇಸುಗಳನ್ನೇ ಇಟ್ಟುಕೊಂಡು ಆಗಬೇಕು. ದಾವಣಗೆರೆಯಲ್ಲಿ ಆರ್.ಎಲ್. ಕಾನೂನು ಕಾಲೇಜು ಇದೆ, ಚಿತ್ರದುರ್ಗದಲ್ಲಿ ಸರಸ್ವತಿ ಕಾನೂನು ಕಾಲೇಜು ಇದೆ. ಪಾಠ ಹೇಳುವವರಿಗೆ ಬರವಿಲ್ಲ.

ಕೇಳುಗರಿಗೂ ಒಂದು ಮಾತು. ವಕೀಲರ ಸೇವೆ ಗ್ರಾಹಕ ರಕ್ಷಣಾ ಕಾಯ್ದೆಯ ಕೆಳಗೆ ಬರುವುದಿಲ್ಲ ಎಂದು 2024ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಅಂದರೆ ನಮ್ಮ ಕೆಲಸ ಸರಿಯಿಲ್ಲ ಎಂದು ನೀವು ಗ್ರಾಹಕರ ಆಯೋಗಕ್ಕೆ ಹೋಗುವಂತಿಲ್ಲ. ದುರ್ನಡತೆಯಾದರೆ ಪರಿಷತ್ತಿಗೆ ದೂರು ಕೊಡಬಹುದು, ಆದರೆ ಗೊತ್ತಿಲ್ಲದೆ ಆದ ತಪ್ಪು ಅಲ್ಲಿಗೆ ಹೋಗುವುದು ಅಪರೂಪ. ಹಾಗಾಗಿ ಮೊದಲೇ ಕೇಳಿಬಿಡಿ. "ಸಾರ್, ಇದಕ್ಕೆ ಕೊನೇ ತಾರೀಖು ಯಾವುದು? ಯಾವ ಸೆಕ್ಷನ್‌ನಲ್ಲಿ ಹಾಗೆ ಹೇಳಿದೆ?" ಹೀಗೆ ಕೇಳಿದರೆ ನಮಗೆ ಅವಮಾನವೇನಿಲ್ಲ. ಪುಸ್ತಕ ತೆಗೆದು ತೋರಿಸುವ ವಕೀಲರನ್ನು ನಂಬಿ.

ಈಗ ನಾವು ಏಳೆಂಟು ಜನ ಸೇರಿ, ತಿಂಗಳ ಮೊದಲ ಶನಿವಾರ ಕೋರ್ಟ್ ಮುಗಿದ ಮೇಲೆ ಒಂದು ಗಂಟೆ ಕೂರುತ್ತಿದ್ದೇವೆ. ಕುರ್ಚಿ, ಒಂದು ಬಿಳಿ ಬೋರ್ಡು, ಮಂಡಕ್ಕಿ, ಚಹಾ. ಹೋದ ಸಲ ನನ್ನ ಜೂನಿಯರ್ ತನ್ನ ಲ್ಯಾಪ್‌ಟಾಪ್‌ನಲ್ಲಿ ಹ್ಯಾಶ್ ವ್ಯಾಲ್ಯೂ ತೆಗೆದು ತೋರಿಸಿದಳು. ಅರವತ್ತು ದಾಟಿದ ಇಬ್ಬರು ಹಿರಿಯರು ಕನ್ನಡಕ ಏರಿಸಿಕೊಂಡು ಬರೆದುಕೊಂಡರು. ಈ ಸಲದ ವಿಷಯ ಮೋಟಾರು ವಾಹನ ಕಾಯ್ದೆಯ 166ನೇ ಸೆಕ್ಷನ್. ಆ ಜಗಳೂರಿನ ಹೆಣ್ಣುಮಗಳಿಗೆ ಮೊದಲು ಸಲಹೆ ಕೊಟ್ಟ ವಕೀಲರಿಗೆ ನಾನೇ ಫೋನ್ ಮಾಡಿದೆ. ಆರು ತಿಂಗಳ ವಿಷಯ ಹೇಳಿದೆ. ಸ್ವಲ್ಪ ಹೊತ್ತು ಅವರು ಮಾತಾಡಲಿಲ್ಲ. ಆಮೇಲೆ ಎಷ್ಟು ಗಂಟೆಗೆ ಬರಬೇಕು ಎಂದು ಕೇಳಿದರು.

ನಮಸ್ಕಾರ.