ಕೋಟೆಯ ಮಣ್ಣು, ಬೆಳ್ಳಿಯ ಎಳೆ

ಕೇಳುಗರಿಗೆ ನಮಸ್ಕಾರ.

ಕಲಬುರಗಿಯಿಂದ ಬೀದರಿಗೆ ಹೋಗುವಾಗ ಮಣ್ಣಿನ ಬಣ್ಣ ಬದಲಾಗುವುದನ್ನು ನೀವು ಗಮನಿಸಿರಬಹುದು. ನಮ್ಮ ಊರು ಬಿಟ್ಟ ಮೇಲೆ ಬಹಳ ದೂರದವರೆಗೆ ಎರಡೂ ಕಡೆ ತೊಗರಿ ಬೆಳೆಯುವ ಎರೆ ಹೊಲಗಳೇ ಕಾಣುತ್ತವೆ. ಹುಮನಾಬಾದ್ ದಾಟಿ ಬೀದರ ಹತ್ತಿರವಾದಂತೆ ನೆಲ ಕೆಂಪಾಗುತ್ತದೆ. ಕೋಟೆಯ ಗೋಡೆ, ಕಂದಕ, ಹಳೆಯ ಬಾವಿಗಳ ಒಳಮೈ ಎಲ್ಲವೂ ಜಂಬಿಟ್ಟಿಗೆಯ ಕೆಂಪು. 2017ರಲ್ಲಿ ಕಲಬುರಗಿ–ಬೀದರ ರೈಲು ಮಾರ್ಗ ಆರಂಭವಾದ ಮೇಲೆ ಈ ಬದಲಾವಣೆಯನ್ನು ಕಿಟಕಿಯ ಪಕ್ಕ ಕುಳಿತು ಸಾವಕಾಶವಾಗಿ ನೋಡುವ ಅನುಕೂಲವೂ ನಮಗೆ ದೊರೆತಿದೆ. ಇಷ್ಟು ಕೆಂಪಾದ ಊರು ಲೋಕದಲ್ಲಿ ಹೆಸರಾದದ್ದು ಮಾತ್ರ ಒಂದು ಕಪ್ಪು ಬಣ್ಣದಿಂದ. ಆ ಕಪ್ಪು ಬಿದ್ರಿಯದು, ಅಂದರೆ ಕಪ್ಪು ಲೋಹದಲ್ಲಿ ಬೆಳ್ಳಿಯ ಚಿತ್ರ ಕೂಡಿಸುವ ಬೀದರಿನ ಕಸುಬಿನದು. ಅದನ್ನು ಹುಡುಕಿಕೊಂಡು ಹೋದ ಪ್ರಯಾಣದ ಕುರಿತು ಇಂದು ನಿಮ್ಮೊಡನೆ ಮಾತನಾಡಬೇಕೆಂದಿದ್ದೇನೆ.

ಮೊದಲು ನನ್ನ ತಪ್ಪನ್ನು ಹೇಳಿಬಿಡುತ್ತೇನೆ. ಹಲವು ವರ್ಷಗಳ ಹಿಂದೆ ದೂರದ ಒಂದು ದೊಡ್ಡ ನಗರದ ಅಂಗಡಿಯಲ್ಲಿ ಬಿದ್ರಿ ಎಂದು ಹೇಳಿ ಕೊಟ್ಟ ಹೂದಾನಿಯೊಂದನ್ನು ಕೊಂಡು ತಂದಿದ್ದೆ. ನಮ್ಮ ಭಾಗದ ಕೆಲಸ ಅಲ್ಲಿಯವರೆಗೂ ಹೋಗಿದೆಯಲ್ಲ ಎಂಬ ಹೆಮ್ಮೆಯಿಂದ ಅದನ್ನು ಮನೆಯ ಪಡಸಾಲೆಯಲ್ಲಿಟ್ಟೆ. ದೀಪಾವಳಿಯ ಮುಂದೆ ನಮ್ಮ ಅವ್ವ ಒದ್ದೆ ಅರಿವೆಯಿಂದ ಅದನ್ನು ಒರೆಸಿದಾಗ ಕಪ್ಪೆಲ್ಲ ಅರಿವೆಗೆ ಬಂದಿತು. ಅದು ಮೇಲೆ ಬಳಿದ ಬಣ್ಣವಾಗಿತ್ತು, ಬೆಳ್ಳಿಯೂ ಬೆಳ್ಳಿಯಾಗಿರಲಿಲ್ಲ. ಮೂರು ತಾಸಿನ ದಾರಿಯಲ್ಲಿ ಬೀದರನ್ನು ಇಟ್ಟುಕೊಂಡು ನಾನು ಆ ಕೆಲಸವನ್ನು ಒಮ್ಮೆಯೂ ಕಣ್ಣಾರೆ ನೋಡಿರಲಿಲ್ಲ ಎಂಬುದು ಹಣ ಹೋದದ್ದಕ್ಕಿಂತ ಹೆಚ್ಚು ನೋವು ತಂದಿತು. ಅದರ ಮುಂದಿನ ವಾರವೇ ಬೀದರಿಗೆ ಹೋದೆ. ಅಂದಿನಿಂದ ಎಷ್ಟು ಸಲ ಹೋಗಿ ಬಂದಿದ್ದೇನೆ ಎಂಬ ಲೆಕ್ಕ ನನ್ನಲ್ಲಿಲ್ಲ.

ಹಳೆಯ ಊರಿನ ನಡುವೆ ಚೌಬಾರಾ ಎಂಬ ದುಂಡನೆಯ ಎತ್ತರದ ಗೋಪುರವಿದೆ. ಅದರ ಆಸುಪಾಸಿನ ಓಣಿಗಳಲ್ಲಿ ನಡೆದರೆ ಸಣ್ಣ ಸುತ್ತಿಗೆಯ ಸದ್ದು ಕೇಳುತ್ತದೆ. ಕಂಚುಗಾರರ ಓಣಿಯ ದೊಡ್ಡ ಬಡಿತವಲ್ಲ. ಟಿಕ್, ಟಿಕ್ ಎಂದು ಒಂದೇ ಸಮನೆ, ಯಾರೋ ಬಾಗಿಲನ್ನು ಬೆರಳ ತುದಿಯಿಂದ ತಟ್ಟಿದಂತೆ. ಆ ಸದ್ದನ್ನು ಹಿಡಿದು ಹೋದ ನನಗೆ ಒಬ್ಬ ಹಿರಿಯ ಕಸುಬುದಾರರು, "ಬರ್ರಿ, ಕೂಡ್ರಿ, ನೋಡಾಕ ರೊಕ್ಕ ಕೊಡಬೇಕಾಗಿಲ್ಲ" ಎಂದು ಜಾಗ ಮಾಡಿಕೊಟ್ಟರು. ನಾನು ಅವರನ್ನು ಚಾಚಾ ಎಂದೇ ಕರೆಯುತ್ತೇನೆ.

ಬಿದ್ರಿಯ ಒಡಲು ಸತುವಿನದು. ಸುಮಾರು 16 ಪಾಲು ಸತುವಿಗೆ ಒಂದು ಪಾಲು ತಾಮ್ರ ಕೂಡಿಸಿ ಕರಗಿಸುತ್ತಾರೆ. ಹರಳೆಣ್ಣೆ ಮತ್ತು ರಾಳ ಬೆರೆಸಿ ಹದ ಮಾಡಿದ ಉಸುಕಿನ ಅಚ್ಚಿನಲ್ಲಿ ಎರಕ ಹೊಯ್ಯುತ್ತಾರೆ. ಅಚ್ಚಿನಿಂದ ಹೊರಬಂದ ಪಾತ್ರೆಯನ್ನು ಅರದಿಂದ ಉಜ್ಜಿ ನಯ ಮಾಡಿದಾಗ ಅದರ ಬಣ್ಣ ಬೂದು ಬಿಳುಪು. ಇಷ್ಟು ಬೇರೆ ಊರುಗಳ ಎರಕದ ಕೆಲಸದಲ್ಲಿಯೂ ನಡೆಯಬಹುದಾದದ್ದು. ನನ್ನನ್ನು ಹಿಡಿದು ನಿಲ್ಲಿಸಿದ್ದು ಅದರ ಮುಂದಿನ ಹಂತ.

ಬಿಳಿಯ ಮೈಯ ಮೇಲೆ ಚಿತ್ರ ಬರೆದರೆ ಗೆರೆ ಕಾಣುವುದಿಲ್ಲ. ಅದಕ್ಕಾಗಿ ಮೈಲುತುತ್ತದ ನೀರನ್ನು ಸವರಿ ಪಾತ್ರೆಯನ್ನು ಕಪ್ಪು ಮಾಡುತ್ತಾರೆ. ಇದು ಮೊದಲನೆಯ ಕಪ್ಪು, ಕೆಲಸದ ಮಟ್ಟಿಗಷ್ಟೇ ಬೇಕಾದ ಕಪ್ಪು. ಅದರ ಮೇಲೆ ಮೊನಚಾದ ಕಡ್ಡಿಯಿಂದ ಬಳ್ಳಿ, ಹೂವು, ನಕ್ಷತ್ರಗಳನ್ನು ಕೈಯಿಂದಲೇ ಗೀಚುತ್ತಾರೆ. ಮುಂದೆ ನೋಡಿಕೊಳ್ಳಲು ಕಾಗದವಿಲ್ಲ, ಕೈಯಲ್ಲಿ ಅಳತೆಪಟ್ಟಿಯಿಲ್ಲ. ಆಮೇಲೆ ಸಣ್ಣ ಉಳಿಗಳಿಂದ ಆ ಗೆರೆಗಳನ್ನು ಕೊರೆದು ಕಾಲುವೆಯಂತೆ ಮಾಡಿ, ಅದರೊಳಗೆ ಅಪ್ಪಟ ಬೆಳ್ಳಿಯ ತಂತಿಯನ್ನು ಕೂಡಿಸಿ, ಸುತ್ತಿಗೆಯಿಂದ ಬಡಿಯುತ್ತಾರೆ. ನಾನು ಓಣಿಯಲ್ಲಿ ಕೇಳಿದ ಸದ್ದು ಈ ಸುತ್ತಿಗೆಯದು. ತಂತಿಯ ಕೆಲಸಕ್ಕೆ ತಾರಕಶಿ ಎನ್ನುತ್ತಾರೆ. ಅಗಲವಾದ ಎಲೆ, ಪಕಳೆಗಳಿಗೆ ಬೆಳ್ಳಿಯ ತಗಡನ್ನು ಕತ್ತರಿಸಿ ಕೂಡಿಸುವ ಕೆಲಸಕ್ಕೆ ತಹನಿಶಾನ್ ಎಂದು ಹೆಸರು. ಅಂಟು ಇಲ್ಲ, ಬೆಸುಗೆಯೂ ಇಲ್ಲ. ಕೊರೆದ ಕಾಲುವೆಯ ಅಂಚುಗಳೇ ಬೆಳ್ಳಿಯನ್ನು ಕಚ್ಚಿ ಹಿಡಿಯಬೇಕು.

ಬೆಳ್ಳಿ ಕೂಡಿಸಿ ಮುಗಿದ ಮೇಲೆ ಪಾತ್ರೆಯನ್ನು ಮತ್ತೆ ಉಜ್ಜುತ್ತಾರೆ. ಆಗ ಮೈಲುತುತ್ತದ ಕಪ್ಪು ಪೂರಾ ಹೊರಟುಹೋಗುತ್ತದೆ. ಆ ಹೊತ್ತಿಗೆ ಚಾಚಾ ಒಂದು ತಟ್ಟೆಯನ್ನು ನನ್ನ ಕೈಗಿಟ್ಟರು. ಎಂಟು ದಿನ ಕುಳಿತು ಮಾಡಿದ ಕೆಲಸ ಅದರಲ್ಲಿ ಇದೆಯೆಂದು ನಂಬುವುದು ನನಗೆ ಕಷ್ಟವಾಯಿತು, ಏಕೆಂದರೆ ಬಿಳಿಯ ಸತುವಿನಲ್ಲಿ ಬಿಳಿಯ ಬೆಳ್ಳಿ ಬೆರೆತು, ಬೆಳಕಿಗೆ ಓರೆಯಾಗಿ ಹಿಡಿದರೆ ಮಾತ್ರ ಅಲ್ಲೊಂದು ಇಲ್ಲೊಂದು ಎಳೆ ಹೊಳೆದು ಮಾಯವಾಗುತ್ತಿತ್ತು. "ಬೆಳ್ಳಿ ಎಲ್ಲದ ಚಾಚಾ?" ಎಂದು ಕೇಳಿದೆ. "ಕಣ್ಣಿಗಿ ಕಾಣಂಗಿಲ್ಲ, ಬೆರಳಿಗಿ ಗೊತ್ತದ" ಎಂದು ಅವರು ನನ್ನ ಹೆಬ್ಬೆರಳನ್ನು ಹಿಡಿದು ತಟ್ಟೆಯ ಮೇಲೆ ಆಡಿಸಿದರು. ನನ್ನ ಬೆರಳಿಗೆ ಏನೂ ತಿಳಿಯಲಿಲ್ಲ. ಅವರ ಬೆರಳಿಗೆ ಪ್ರತಿಯೊಂದು ಎಸಳೂ ತಿಳಿಯುತ್ತಿತ್ತು.

ಈಗ ಎರಡನೆಯ ಕಪ್ಪಿನ ಸರದಿ. ಇದಕ್ಕೆ ಬೇಕಾದದ್ದು ಬೀದರ ಕೋಟೆಯ ಮಣ್ಣು. ಕೋಟೆಯೊಳಗಿನ ಎಲ್ಲ ಮಣ್ಣೂ ಆಗುವುದಿಲ್ಲ. ಹಳೆಯ ಕಟ್ಟಡಗಳ ಮಾಳಿಗೆಯ ಅಡಿಯಲ್ಲಿ ನೂರಾರು ವರ್ಷ ಬಿಸಿಲು, ಮಳೆ ಕಾಣದೆ ಉಳಿದ ಮಣ್ಣೇ ಆಗಬೇಕು. ಕಸುಬುದಾರರು ಒಂದು ಚಿಟಿಕೆ ನಾಲಿಗೆಯ ಮೇಲಿಟ್ಟು ಅದರ ರುಚಿಯಿಂದ ಒಳ್ಳೆಯ ಮಣ್ಣನ್ನು ಗುರುತಿಸುತ್ತಾರೆ. ಆ ಮಣ್ಣಿನಲ್ಲಿ ಪೆಟ್ಲುಪ್ಪಿನ ಅಂಶವಿದೆ. ಮಳೆ ಬಿದ್ದರೆ ಉಪ್ಪು ತೊಳೆದುಹೋಗುತ್ತದೆ, ಆದ್ದರಿಂದಲೇ ಮಾಳಿಗೆಯ ನೆರಳು ಬೇಕು. ಈ ಮಣ್ಣಿಗೆ ನವಸಾಗರವೆಂಬ ಉಪ್ಪು ಮತ್ತು ನೀರು ಕಲಸಿ, ಬೆಚ್ಚಗೆ ಮಾಡಿದ ಪಾತ್ರೆಗೆ ಹಚ್ಚಿ ತಿಕ್ಕುತ್ತಾರೆ. ನೋಡುತ್ತಿದ್ದಂತೆ ಸತುವಿನ ಮೈ ಕಾಡಿಗೆಯಂತೆ ಕಪ್ಪಾಗುತ್ತದೆ, ಬೆಳ್ಳಿಗೆ ಮಾತ್ರ ಏನೂ ಆಗುವುದಿಲ್ಲ. ನೀರಿನಲ್ಲಿ ತೊಳೆದು ಎತ್ತಿದಾಗ, ಒಂದು ಗಳಿಗೆಯ ಹಿಂದೆ ಎಲ್ಲಿಯೂ ಇರದಿದ್ದ ಹೂಬಳ್ಳಿ ಒಮ್ಮೆಗೇ ಇಡೀ ತಟ್ಟೆಯ ತುಂಬ ಅರಳಿ ನಿಂತಿತ್ತು. ಅಷ್ಟು ದಿನ ಕೆಲಸ ಮಾಡಿದವರೂ ತಮ್ಮ ಕೆಲಸವನ್ನು ಪೂರ್ಣವಾಗಿ ನೋಡುವುದು ಆಗಲೇ. ಐವತ್ತು ವರ್ಷಗಳ ಕಸುಬಿನ ಚಾಚಾ ಕೂಡ ಆ ಹೊತ್ತಿನಲ್ಲಿ ಮಾತು ನಿಲ್ಲಿಸಿ ತಟ್ಟೆಯನ್ನು ಬಾಗಿಲ ಬೆಳಕಿಗೆ ಹಿಡಿದು ನೋಡಿದರು. ನನ್ನ ಹೂದಾನಿಯ ಕಪ್ಪು ಏಕೆ ಅರಿವೆಗೆ ಹತ್ತಿತು ಎಂಬುದು ನನಗೆ ಆಗ ಅರ್ಥವಾಯಿತು. ಇಲ್ಲಿ ಕಪ್ಪನ್ನು ಬಳಿಯುವುದಿಲ್ಲ. ಲೋಹವೇ ಮಣ್ಣಿನೊಡನೆ ಬೆರೆತು ಕಪ್ಪಾಗುತ್ತದೆ.

ಪೆಟ್ಲುಪ್ಪು ಎಂದಾಗ ಇನ್ನೊಂದು ಮಾತು ನೆನಪಾಗುತ್ತದೆ. ತೋಪಿನ ಮದ್ದಿಗೆ ಬೇಕಾದ ಮುಖ್ಯ ವಸ್ತುವೂ ಅದೇ ಉಪ್ಪು. ಚೌಬಾರಾದಿಂದ ಕೋಟೆಯ ಕಡೆಗೆ ನಡೆದರೆ ದಾರಿಯಲ್ಲಿ ಮಹಮೂದ್ ಗವಾನನ ಮದರಸಾ ಸಿಗುತ್ತದೆ. ಬಹಮನಿ ರಾಜ್ಯದ ಪ್ರಧಾನಿಯಾಗಿದ್ದ ಗವಾನ್ 1472ರಲ್ಲಿ ಕಟ್ಟಿಸಿದ ಆ ವಿದ್ಯಾಲಯದ ಮುಂಭಾಗದ ಒಂದು ಪಾಲು 1696ರ ಸ್ಫೋಟದಲ್ಲಿ ಹಾರಿಹೋಯಿತು. ಒಳಗೆ ಕೂಡಿಟ್ಟ ಮದ್ದಿಗೆ ಕಿಡಿ ತಗುಲಿತೆಂದು ಕೆಲವರು, ಸಿಡಿಲು ಬಡಿಯಿತೆಂದು ಕೆಲವರು ಹೇಳುತ್ತಾರೆ. ಉಳಿದ ಒಂದು ಮಿನಾರು ಮತ್ತು ಗೋಡೆಗೆ ಅಂಟಿಕೊಂಡಿರುವ ನೀಲಿ, ಹಳದಿ ಬಣ್ಣದ ಹೊಳಪಿನ ಬಿಲ್ಲೆಗಳ ಮುಂದೆ ನಿಂತಾಗ, ಒಂದೇ ಉಪ್ಪು ಒಂದು ಕಡೆ ಅಂಥ ಕಟ್ಟಡವನ್ನು ಒಡೆದು, ಇನ್ನೊಂದು ಕಡೆ ಬೆಳ್ಳಿಯ ಹೂವನ್ನು ತೋರಿಸಿಕೊಡುತ್ತದಲ್ಲ ಎಂದು ನನಗೆ ಪ್ರತಿ ಸಲವೂ ಅನ್ನಿಸುತ್ತದೆ.

1347ರಲ್ಲಿ ಆರಂಭವಾದ ಬಹಮನಿ ರಾಜ್ಯಕ್ಕೆ ಬೀದರಿಗಿಂತ ಮೊದಲು ನಮ್ಮ ಕಲಬುರಗಿ ರಾಜಧಾನಿಯಾಗಿತ್ತು. 15ನೆಯ ಶತಮಾನದ ಮೊದಲ ಭಾಗದಲ್ಲಿ ಸುಲ್ತಾನ ಅಹಮದ್ ಶಾ ರಾಜಧಾನಿಯನ್ನು ಬೀದರಿಗೆ ಒಯ್ದನು. ಪರ್ಷಿಯಾದಿಂದ ಅಬ್ದುಲ್ಲಾ ಬಿನ್ ಕೈಸರ್ ಎಂಬ ಕುಶಲಿಯನ್ನು ಕರೆಸಿ ಈ ಕಸುಬನ್ನು ನೆಲೆಗೊಳಿಸಿದನೆಂಬ ಮಾತು ಕಸುಬುದಾರರ ಮನೆಗಳಲ್ಲಿ ತಲೆಮಾರಿನಿಂದ ತಲೆಮಾರಿಗೆ ಬಂದಿದೆ. ಮುಂದೆ ಹುಕ್ಕಾದ ಬುರುಡೆ, ಸುರಾಯಿ, ಎಲೆ ಅಡಿಕೆಯ ಪಾನದಾನಿ ಮುಂತಾದವು ಶ್ರೀಮಂತರ ಮನೆಗಳಿಗೆ ಹೋದವು. ಈ ಕೆಲಸ ಹೈದರಾಬಾದ್, ಲಖನೌ, ಬಿಹಾರದ ಪೂರ್ಣಿಯಾಗಳಿಗೂ ಹರಡಿತು. ಹೋದಲ್ಲೆಲ್ಲ ಬೀದರಿನ ಹೆಸರನ್ನೇ ಹೊತ್ತುಕೊಂಡು ಹೋಯಿತು. ಹೈದರಾಬಾದಿನ ಸಾಲಾರ್‌ಜಂಗ್ ಸಂಗ್ರಹಾಲಯದಲ್ಲಿ, ಲಂಡನ್ನಿನ ವಿಕ್ಟೋರಿಯಾ ಅಂಡ್ ಆಲ್ಬರ್ಟ್ ಸಂಗ್ರಹಾಲಯದಲ್ಲಿ ಹಳೆಯ ಬಿದ್ರಿ ಪಾತ್ರೆಗಳಿವೆ.

ಬಿದ್ರಿಯನ್ನು ನೋಡಿದ ದಿನವೇ ಕೋಟೆಯೊಳಗಿನ ರಂಗೀನ್ ಮಹಲನ್ನೂ ನೋಡಬೇಕೆಂದು ನಾನು ಒತ್ತಾಯಿಸಿ ಹೇಳುತ್ತೇನೆ. ಬಹಮನಿಗಳ ನಂತರ ಬೀದರನ್ನು ಆಳಿದ ಬರೀದಶಾಹಿ ಮನೆತನದ ಅರಸ ಅಲಿ ಬರೀದ್ 16ನೆಯ ಶತಮಾನದಲ್ಲಿ ಅದಕ್ಕೆ ಈಗಿನ ಅಂದವನ್ನು ಕೊಟ್ಟನು. ಕೆತ್ತನೆಯ ಮರದ ಕಂಬಗಳನ್ನು ದಾಟಿ ಒಳಗೆ ಹೋದರೆ, ಬಾಗಿಲಿನ ಸುತ್ತಲಿನ ಕರಿಯ ಕಲ್ಲಿನಲ್ಲಿ ಮುತ್ತಿನ ಚಿಪ್ಪಿನ ತುಣುಕುಗಳನ್ನು ಕೂಡಿಸಿ ಬಳ್ಳಿಗಳನ್ನೂ ಪಾರ್ಸಿ ಅಕ್ಷರಗಳನ್ನೂ ಬಿಡಿಸಿದ್ದಾರೆ. ಕಾವಲುಗಾರರು ದೀಪ ಹಿಡಿದಾಗ ಕಪ್ಪಿನ ಒಳಗಿನಿಂದ ಆ ಚಿಪ್ಪು ತಿಳಿಗುಲಾಬಿ, ತಿಳಿಹಸಿರಾಗಿ ಮಿನುಗುತ್ತದೆ. ಅಲ್ಲಿ ಕಲ್ಲು ಮತ್ತು ಚಿಪ್ಪು, ಇಲ್ಲಿ ಸತು ಮತ್ತು ಬೆಳ್ಳಿ. ಎರಡರಲ್ಲಿಯೂ ಇರುವುದು ಒಂದೇ ಊರಿನ ಕಣ್ಣು ಎಂದು ನಾನು ತಿಳಿದಿದ್ದೇನೆ. ಸಂಜೆಗೆ ಸಮಯವಿದ್ದರೆ ಊರ ಹೊರಗಿನ ಅಷ್ಟೂರಿಗೂ ಹೋಗಿ ಬನ್ನಿ. ಅಹಮದ್ ಶಾನ ಗೋರಿಯ ಗುಮ್ಮಟದ ಒಳಮೈಯಲ್ಲಿ ಬಣ್ಣ ಮತ್ತು ಬಂಗಾರದಿಂದ ಬಿಡಿಸಿದ ಬಳ್ಳಿಗಳಿವೆ. ಆ ಗೋರಿಯ ಜಾತ್ರೆಯಲ್ಲಿ ಜಂಗಮರೊಬ್ಬರು ಮುಂದಾಳಾಗಿ ನಿಂತು ವಿಧಿಗಳನ್ನು ನಡೆಸುವ ರೂಢಿ ಇಂದಿಗೂ ಇದೆ.

ಕಸುಬಿನ ಇಂದಿನ ಸ್ಥಿತಿಯನ್ನು ಮುಚ್ಚಿಟ್ಟು ಮಾತನಾಡುವುದು ಸರಿಯಲ್ಲ. ಬಿದ್ರಿಗೆ 2006ರಲ್ಲಿ ಭೌಗೋಳಿಕ ಸೂಚಕದ ಮಾನ್ಯತೆ ದೊರೆತಿದೆ. 2023ರಲ್ಲಿ ಬೀದರಿನ ಹಿರಿಯ ಕಲಾವಿದ ಶಾ ರಶೀದ್ ಅಹಮದ್ ಖಾದ್ರಿ ಅವರಿಗೆ ಪದ್ಮಶ್ರೀ ಗೌರವ ಸಂದಿದೆ. ಇವು ಇಡೀ ಓಣಿಯ ಸಂತೋಷಗಳು. ಆದರೂ ಬೆಳ್ಳಿಯ ದರ ಏರಿದಾಗಲೆಲ್ಲ ಚಾಚಾನ ಬಳ್ಳಿ ಸ್ವಲ್ಪ ತೆಳ್ಳಗಾಗುತ್ತದೆ, ಎಲೆಗಳ ನಡುವಿನ ಅಂತರ ಸ್ವಲ್ಪ ಹೆಚ್ಚುತ್ತದೆ. ಹುಕ್ಕಾ ಕೇಳುವವರಿಲ್ಲ. ಅದರ ಬದಲು ಕಿವಿಯೋಲೆ, ಕೀಲಿಕೈ ಗೊಂಚಲು, ಲೇಖನಿ ಸ್ಟ್ಯಾಂಡು, ಸನ್ಮಾನದ ಫಲಕಗಳು ತಯಾರಾಗುತ್ತಿವೆ. ಇದನ್ನು ಕೆಲವರು ಇಳಿಮುಖವೆಂದು ಹೇಳುತ್ತಾರೆ. ನಾನು ಹಾಗೆ ಹೇಳಲಾರೆ. ಕಿವಿಯೋಲೆಯ ಮೇಲಿನ ಎಂಟು ಎಸಳಿನ ಹೂವಿಗೂ ಅದೇ ಉಳಿ, ಅದೇ ಮಣ್ಣು ಬೇಕು. ಹೆಣ್ಣುಮಕ್ಕಳು ತರಬೇತಿ ಪಡೆದು ತಂತಿ ಕೂಡಿಸುವ ಕೆಲಸಕ್ಕೆ ಬಂದಿರುವುದು ನನಗೆ ಬಹಳ ಧೈರ್ಯ ಕೊಟ್ಟ ಸಂಗತಿ. ಚಿಂತೆಯ ವಿಷಯವೆಂದರೆ ಎರಡು: ಎರಕದ ಹೊಗೆ ಹೊರಹೋಗಲು ಸರಿಯಾದ ದಾರಿಯಿಲ್ಲದ ಇಕ್ಕಟ್ಟಿನ ಕೋಣೆಗಳು, ಮತ್ತು ದಿನವಿಡೀ ಬಾಗಿ ಕುಳಿತವರ ಕೈಗೆ ಸಿಗುವ ಕೂಲಿ.

ಆದ್ದರಿಂದ ಬೀದರಿಗೆ ಹೋದವರು ದಯವಿಟ್ಟು ಕೋಟೆಯ ಮುಂದೆ ನಿಂತು ಚಿತ್ರ ತೆಗೆದುಕೊಂಡು ಅದೇ ಬಸ್ಸಿಗೆ ಮರಳಬೇಡಿ. ಓಣಿಯೊಳಗೆ ಹೋಗಿ ಒಂದು ತಾಸು ಕೂಡಿರಿ. ವಸ್ತುವನ್ನು ಕೈಗೆತ್ತಿಕೊಂಡು ಅದರ ತೂಕ ನೋಡಿರಿ; ಎರಕದ ಬಿದ್ರಿ ಕೈಯಲ್ಲಿ ಭಾರವಾಗಿ ಕೂಡುತ್ತದೆ. ಬೆಳ್ಳಿಯ ಗೆರೆಯ ಮೇಲೆ ಉಗುರು ಎಳೆದರೆ ಎಲ್ಲಿಯೂ ತಡೆಯಬಾರದು. ಮನೆಗೆ ತಂದ ಮೇಲೆ ಹುಣಸೆಹಣ್ಣು, ಬೂದಿ ಹಚ್ಚಿ ಬೆಳಗಬೇಡಿ. ಒಣ ಮೆತ್ತನೆಯ ಅರಿವೆ ಸಾಕು, ಕಪ್ಪು ಮಂಕಾದಾಗ ಒಂದೆರಡು ಹನಿ ಕೊಬ್ಬರಿ ಎಣ್ಣೆ ಸಾಕು. ಮಾಡಿದವರ ಹೆಸರನ್ನು ಕೇಳಿರಿ. ಹಳೆಯ ಬಿದ್ರಿ ಪಾತ್ರೆಗಳ ಮೇಲೆ ಕುಶಲಿಯ ಹೆಸರು ಸಿಗುವುದು ಅಪರೂಪ.

ಕಳೆದ ಸಲ ಹೋದಾಗ ಕುಂಕುಮದ ಸಣ್ಣ ಡಬ್ಬಿಯೊಂದನ್ನು ಚಾಚಾನಲ್ಲಿ ಮಾಡಿಸಿದೆ. ತಳದಲ್ಲಿ ನಿಮ್ಮ ಹೆಸರನ್ನೂ ಕೊರೆಯಿರಿ ಎಂದು ಕೇಳಿಕೊಂಡೆ. ಅವರು ಸುಮ್ಮನಿದ್ದು, ಡಬ್ಬಿಯನ್ನು ತಿರುಗಿಸಿ, ಮೊದಲು ಉರ್ದುವಿನಲ್ಲಿ, ಅದರ ಕೆಳಗೆ ಮೊಮ್ಮಗಳಿಂದ ಪಾಟಿಯ ಮೇಲೆ ಬರೆಯಿಸಿಕೊಂಡು ನೋಡಿ ಕನ್ನಡದಲ್ಲಿ, ತಮ್ಮ ಹೆಸರನ್ನು ಕೊರೆದು ಬೆಳ್ಳಿ ತುಂಬಿದರು. ಆಮೇಲೆ ಉಜ್ಜಿದರು. ಎರಡೂ ಹೆಸರುಗಳು ಬಿಳುಪಿನಲ್ಲಿ ಅಡಗಿಹೋದವು. ಅವರು ಮಣ್ಣಿನ ಬಟ್ಟಲನ್ನು ಹತ್ತಿರ ಎಳೆದುಕೊಂಡರು.

ನಮಸ್ಕಾರ.