ಕೊನೆಯ ನುಡಿಯವರೆಗೂ ಹಾಡಿ

ದಾವಣಗೆರೆಯ ಕಲಾವಿದ ಬಂಧುಗಳೆ, ನಮಸ್ಕಾರ.

ಇಲ್ಲಿ ಕೂತಿರುವ ಬಹಳಷ್ಟು ಮಂದಿ ದುಗ್ಗಮ್ಮನ ಜಾತ್ರೆ, ಗಣಪತಿ ಪೆಂಡಾಲು, ಮದುವೆ ಆರತಕ್ಷತೆ ಎಂದು ಹಾಡಿಕೊಂಡು ಓಡಾಡುವವರು. ಜನಪದ ಹಾಡಿಗೆ ಕೀಬೋರ್ಡು, ರಿದಂ ಪ್ಯಾಡು ಸೇರಿಸಿ ಜನರನ್ನು ಕುಣಿಸುವವರು. ನಿಮ್ಮ ಮುಂದೆ ಇವತ್ತು ಗಾಯಕ, ಸಂಗೀತ ನಿರ್ದೇಶಕ ಸಿ. ಅಶ್ವತ್ಥ್ ಅವರ ಬಗ್ಗೆ ಮಾತಾಡಬೇಕು ಅನ್ನಿಸಿತು.

ಅವರು ಹುಟ್ಟಿದ್ದು 1939ರಲ್ಲಿ, ಹಾಸನ ಜಿಲ್ಲೆಯ ಚನ್ನರಾಯಪಟ್ಟಣದಲ್ಲಿ. ಹೊಟ್ಟೆಪಾಡಿಗೆ ಬೆಂಗಳೂರಿನ ಐಟಿಐ ದೂರವಾಣಿ ಕಾರ್ಖಾನೆಯ ನೌಕರಿ. ಅದರ ಜೊತೆಗೇ ನಾಟಕ, ಸಿನಿಮಾ, ಕ್ಯಾಸೆಟ್ಟು. ಹಗಲು ಕೆಲಸ, ಸಂಜೆ ಹಾಡು ಎಂದು ಬದುಕುವ ನಿಮಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. 2005ರಲ್ಲಿ ಬೆಂಗಳೂರಿನ ಅರಮನೆ ಮೈದಾನದಲ್ಲಿ ಅವರ ‘ಕನ್ನಡವೇ ಸತ್ಯ’ ಕಾರ್ಯಕ್ರಮ ನಡೆದಾಗ ಭಾವಗೀತೆ ಕೇಳಲು ಜನಸಾಗರವೇ ಸೇರಿತ್ತು.

ಆದರೆ ನನಗೆ ಅವರ ದೊಡ್ಡ ಕೆಲಸ ಅನ್ನಿಸುವುದು ಸಂತಕವಿ ಶಿಶುನಾಳ ಷರೀಫರ ತತ್ವಪದಗಳನ್ನು ಹಾಡಿದ್ದು. ಹರಿಹರದ ಹೊಳೆ ದಾಟಿದರೆ ಹಾವೇರಿ ಜಿಲ್ಲೆ. ಅಲ್ಲಿರುವ ಷರೀಫರ ಊರು ಶಿಶುನಾಳ ನಮಗೆ ದೂರವೇನಲ್ಲ. ಷರೀಫರ ‘ನೋಡವ್ವ ತಂಗಿ’ ನಮ್ಮ ಮನೆಯಂಗಳದ ಮಾತು. ಅಶ್ವತ್ಥರಿಗೆ ಅದು ಹುಟ್ಟೂರಿನ ಆಡುಮಾತಲ್ಲ. ಆದರೂ 1990ರ ‘ಸಂತ ಶಿಶುನಾಳ ಷರೀಫ’ ಚಿತ್ರದ ಹಾಡುಗಳನ್ನು ಕೇಳಿ: ದನಿ ಎಷ್ಟು ಮೇಲೇರಿದರೂ ಮಾತು ಒಡೆಯುವುದಿಲ್ಲ. ವಾದ್ಯಗಳು ಪದಕ್ಕೆ ದಾರಿ ಬಿಟ್ಟು ನಿಂತಿರುತ್ತವೆ. ಅವರಿಗೆ ಅಷ್ಟು ವರ್ಷ ಜನ ಕಿವಿಗೊಟ್ಟದ್ದು ಇದಕ್ಕೇ ಎಂದು ನಾನು ಗಟ್ಟಿಯಾಗಿ ನಂಬಿದ್ದೇನೆ.

ಈಗ ನಮ್ಮ ವೇದಿಕೆಗಳಿಗೆ ಬರೋಣ. ‘ಕೋಡಗನ ಕೋಳಿ ನುಂಗಿತ್ತ’ ಹಾಡದ ತಂಡವೇ ಇಲ್ಲ. ಆಡು ಆನೆಯನ್ನು ನುಂಗುವುದು, ಗೋಡೆ ಸುಣ್ಣವನ್ನು ನುಂಗುವುದು ಬಂದಾಗ ಹುಡುಗರು ಶಿಳ್ಳೆ ಹೊಡೆಯುತ್ತಾರೆ. ಅಲ್ಲಿಗೆ ಪ್ಯಾಡಿನವರು ಲಯ ಏರಿಸಿ ಮುಗಿಸಿಬಿಡುತ್ತಾರೆ. ಆದರೆ ಕೊನೆಯ ನುಡಿಯಲ್ಲಿ ಗೋವಿಂದ ಗುರುವಿನ ಪಾದ ಹಾಡುವವನನ್ನೇ ನುಂಗುತ್ತದೆ. ಅಲ್ಲಿಯವರೆಗೆ ಬಂದ ನುಂಗಾಟವೆಲ್ಲ ಯಾತಕ್ಕೆ ಎಂಬುದು ತಿಳಿಯುವುದೇ ಆಗ. ಆ ನುಡಿ ಬಿಟ್ಟರೆ ಷರೀಫರೂ ಇಲ್ಲ, ಅವರ ಗುರುವೂ ಇಲ್ಲ. ಬರೀ ತಮಾಷೆಯ ಪದ್ಯವೊಂದು ಉಳಿಯುತ್ತದೆ.

ತಾಲೀಮಿನಲ್ಲಿ ಒಂದು ಕೆಲಸ ಮಾಡಿ. ವಾದ್ಯಗಳನ್ನೆಲ್ಲ ನಿಲ್ಲಿಸಿ, ಪೂರ್ತಿ ಪದವನ್ನು ಬರೀ ತಾಳದ ಮೇಲೆ ಹಾಡಿ. ಕೋರಸ್‌ನ ಹೆಣ್ಣುಮಕ್ಕಳೂ ಎಲ್ಲ ನುಡಿ ಬಾಯಿಪಾಠ ಮಾಡಲಿ. ಪಲ್ಲವಿ ಎತ್ತಿಕೊಡುವುದಷ್ಟೇ ಅವರ ಪಾಲು ಎಂದು ಯಾರೂ ತಿಳಿಯಬಾರದು. ನಾಳೆ ಮುಂದಿನ ಮೈಕಿಗೆ ಬರಬೇಕಾದವರು ಅವರೇ.

ಆಯೋಜಕರೂ ಇಲ್ಲಿದ್ದೀರಿ, ಕೈಮುಗಿದು ಕೇಳುತ್ತೇನೆ. ಧ್ವನಿವರ್ಧಕಕ್ಕೆ ರಾತ್ರಿ 10ರ ಗಡಿ ಇದೆ. ಸನ್ಮಾನ, ಹಾರ, ಭಾಷಣಗಳಲ್ಲೇ 9.30 ಆಗಿಬಿಟ್ಟರೆ ಹಾಡುವವರು ನುಡಿ ಕತ್ತರಿಸದೆ ಇನ್ನೇನು ಮಾಡಿಯಾರು? ಶಾಲುಗಳನ್ನು ಒಂದು ಹಾಡು ಮುಗಿದು ಇನ್ನೊಂದು ಶುರುವಾಗುವ ನಡುವೆ ಹೊದಿಸಬಹುದು. ಮೈಕನ್ನು 7 ಗಂಟೆಗೇ ಅವರ ಕೈಗೆ ಕೊಡಿ.